ಪ್ರತಿ ಬರೆಯುತ್ತಿದ್ದವಳು

ನಮ್ಮಪ್ಪ ನಲವತ್ತು ವರ್ಷ ಜಾಝ್ ಪಿಯಾನೋ ನುಡಿಸಿದರು. ಆದರೆ ಅವರಿಗೆ ಹೆಸರು ತಂದದ್ದು ಬೆರಳುಗಳಲ್ಲ, ಪೆನ್ಸಿಲ್ಲು. ಹಾಡು ಯಾರದ್ದೋ ಇರುತ್ತಿತ್ತು. ಅದನ್ನು ಹದಿನಾಲ್ಕು ವಾದ್ಯಗಳಿಗೆ ಹಂಚಿ, ಯಾರು ಎಲ್ಲಿ ಶುರು ಮಾಡಬೇಕು, ಯಾರು ಎಲ್ಲಿ ಸುಮ್ಮನಿರಬೇಕು ಎಂದು ನಿರ್ಧರಿಸುವ ಕೆಲಸ ಅಪ್ಪನದು. "ಹದಿನಾಲ್ಕು ಜನ ಓರಗಿತ್ತಿಯರನ್ನ ಒಂದೇ ಮನೇಲಿ ಜಗಳವಿಲ್ಲದೆ ಇಡೋ ಕೆಲಸ ಇದು" ಎಂದು ನಗುತ್ತಿದ್ದರು.

ಅಪ್ಪ ದೊಡ್ಡ ಹಾಳೆಯ ಮೇಲೆ ಎಲ್ಲ ವಾದ್ಯಗಳ ಸ್ವರಗಳನ್ನೂ ಒಟ್ಟಿಗೆ ಬರೆದು ಮುಗಿಸಿದ ಮೇಲೆ ಅಮ್ಮನ ಕೆಲಸ ಶುರುವಾಗುತ್ತಿತ್ತು. ಪ್ರತಿಯೊಬ್ಬ ವಾದಕನಿಗೂ ಅವನವನ ಭಾಗವನ್ನು ಬೇರೆ ಹಾಳೆಗೆ ಶಾಯಿಯಲ್ಲಿ ಇಳಿಸಬೇಕು. ಅಮ್ಮ ಸಂಗೀತ ಶಾಲೆಯಲ್ಲಿ ಅಪ್ಪನಿಗಿಂತ ಎರಡು ತರಗತಿ ಮುಂದಿದ್ದವಳು. ಮದುವೆಯಾದ ಮೇಲೆ ಅವಳ ಸಂಗೀತವೆಲ್ಲ ಊಟದ ಮೇಜಿನ ಮೇಲೆಯೇ ನಡೆಯಿತು. ಬರೆದ ಹಾಳೆಗಳನ್ನು ಹಜಾರದ ಹಗ್ಗಕ್ಕೆ ಕ್ಲಿಪ್ಪು ಹಾಕಿ ಒಣಗಿಸುತ್ತಿದ್ದಳು. ಬಚ್ಚಲಿಗೆ ಹೋಗಬೇಕಾದರೆ ನಾನು ಅವುಗಳ ಕೆಳಗೆ ತಲೆ ಬಗ್ಗಿಸಿಕೊಂಡೇ ಹೋಗಬೇಕಿತ್ತು.

ಅಪ್ಪನ ತಂಡದ ಒಡೆಯರು ಜನ್ಮದಲ್ಲಿ ಹಡಗು ಹತ್ತಿದವರಲ್ಲ, ಆದರೂ ಎಲ್ಲರಿಗೂ ಅವರು ಕ್ಯಾಪ್ಟನ್. ಅವರ ತಂಡ ರೇಡಿಯೋದಲ್ಲಿ ವಾರಕ್ಕೊಮ್ಮೆ ನುಡಿಸುತ್ತಿತ್ತು. ಪತ್ರಿಕೆಯವರು ಅಪ್ಪನ ಬಗ್ಗೆ ಬರೆದಾಗಲೆಲ್ಲ ಒಂದೇ ಮಾತು ಹೇಳಿ ಹೊಗಳುತ್ತಿದ್ದರು. ಬೇರೆಯವರ ಸಂಯೋಜನೆಯಲ್ಲಿ ಮುಂದಿನ ಸಾಲಿನ ವಾದ್ಯ ಮಾತ್ರ ಹಾಡುತ್ತದೆ, ಇವರದರಲ್ಲಿ ಹಿಂದೆ ಕೂತವರೂ ಮಾತಾಡುತ್ತಾರೆ ಎಂದು. ಅಪ್ಪ ಆ ತುಣುಕುಗಳನ್ನು ಕತ್ತರಿಸಿ ಪಿಯಾನೋದ ಬೆಂಚಿನೊಳಗೆ ಇಡುತ್ತಿದ್ದರು.

ನನಗೆ ಹದಿನೇಳಾಗಿದ್ದಾಗ ಅಮ್ಮ ಮೆಟ್ಟಿಲ ಮೇಲೆ ಜಾರಿ ಬಲಗೈ ಮುರಿದುಕೊಂಡಳು. ಕ್ಯಾಪ್ಟನ್ ಮುದ್ರಣಾಲಯದಿಂದ ನಿವೃತ್ತರಾದ ಒಬ್ಬ ಗುಮಾಸ್ತರನ್ನು ಗೊತ್ತು ಮಾಡಿದರು. ಅವರದು ಮಕ್ಕಿಕಾಮಕ್ಕಿ ನಕಲು, ಕಣ್ಣಿಗೆ ಕಂಡದ್ದನ್ನು ಕಂಡ ಹಾಗೇ ಇಳಿಸುವವರು. ಒಂದು ಚುಕ್ಕೆಯೂ ಆಚೀಚೆಯಿಲ್ಲ.

ಆ ವಾರದ ತಾಲೀಮಿಗೆ ನಾನೂ ಹೋಗಿದ್ದೆ. ತಂಡ ಅರ್ಧ ನುಡಿಸಿದ್ದೇ ತಡ, ಕ್ಯಾಪ್ಟನ್ ಕೈಯೆತ್ತಿ ನಿಲ್ಲಿಸಿದರು.

"ಏನು ಮೇಷ್ಟ್ರೇ, ಮೈಗೆ ಹುಷಾರಿಲ್ವಾ? ಉಪ್ಪು ಹಾಕೋದು ಮರೆತ ಅಡುಗೆ ಇದ್ದ ಹಾಗಿದೆಯಲ್ಲ."

ಹಿಂದಿನ ಸಾಲಿನಲ್ಲಿ ಮೂರನೇ ಟ್ರಾಂಬೋನ್ ಊದುತ್ತಿದ್ದ ದಪ್ಪಣ್ಣ ಮೆಲ್ಲಗೆ ಹೇಳಿದ: "ಅಕ್ಕ ಬರೆದ್ರೆ ನನಗೂ ಏನಾದ್ರೂ ಇರ್ತಿತ್ತು ಸಾರ್. ಇದರಲ್ಲಿ ಒಂದೇ ಸ್ವರ ಹಿಡ್ಕೊಂಡು ಎಮ್ಮೆ ಥರ ನಿಂತಿದೀನಿ."

ಎಲ್ಲರೂ ನಕ್ಕರು. ಅಪ್ಪ ನಗಲಿಲ್ಲ. ಮನೆಗೆ ಬಂದವರೇ ಬೀರುವಿನಿಂದ ಹಳೆಯ ಕಟ್ಟುಗಳನ್ನು ಎಳೆದು, ತಮ್ಮ ಪೆನ್ಸಿಲ್ ಹಾಳೆಗಳನ್ನೂ ಅಮ್ಮನ ಪ್ರತಿಗಳನ್ನೂ ನೆಲದ ಮೇಲೆ ಅಕ್ಕಪಕ್ಕ ಹರವಿದರು. ಮೊಣಕಾಲೂರಿ ಒಂದೊಂದೇ ಸಾಲನ್ನು ಹೋಲಿಸಿ ನೋಡಿದರು. ದೊಡ್ಡ ಬದಲಾವಣೆ ಎಲ್ಲೂ ಇರಲಿಲ್ಲ. ಇಲ್ಲೊಂದು ಸ್ವರ ಅರ್ಧ ಮೆಟ್ಟಿಲು ಇಳಿದಿತ್ತು, ಅಲ್ಲೊಂದು ಕ್ಷಣದ ಮೌನ ಸೇರಿತ್ತು. ಕ್ಲಾರಿನೆಟ್ಟು ಕೇಳಿದ ಪ್ರಶ್ನೆಗೆ ಮೂರನೇ ಟ್ರಾಂಬೋನು ಉತ್ತರ ಕೊಡುತ್ತಿತ್ತು. ಪತ್ರಿಕೆಯವರು ಹೊಗಳಿದ್ದೆಲ್ಲ ಅದೇ.

ಅಮ್ಮ ಪಟ್ಟಿ ಕಟ್ಟಿದ ಕೈಯನ್ನು ಎದೆಗೊತ್ತಿಕೊಂಡು ಬಾಗಿಲಲ್ಲಿ ನಿಂತಿದ್ದಳು.

"ಇದು ನಾನು ಬರೆದದ್ದಲ್ಲ" ಎಂದರು ಅಪ್ಪ.

"ಅಲ್ಲ. ನೀವು ಅವಸರದಲ್ಲಿ ಬರೆದಿರ್ತೀರಿ. ಹಿಂದೆ ಕೂತವರು ಪಾಪ, ಅಷ್ಟು ದೂರದಿಂದ ವಾದ್ಯ ಹೊತ್ಕೊಂಡು ಬಂದಿರ್ತಾರಲ್ಲ ಅಂತ…"

"ಎಷ್ಟು ವರ್ಷದಿಂದ?"

"ಮೊದಲಿನಿಂದಲೂ." ಅಮ್ಮನಿಗೆ ನಿಜವಾಗಿಯೂ ಆಶ್ಚರ್ಯವಾಗಿತ್ತು. "ನಿಮಗೆ ಗೊತ್ತಿದೆ ಅಂದ್ಕೊಂಡಿದ್ದೆ ಕಣ್ರೀ. ಪಿಯಾನೋ ಮುಂದೆ ಕೂತು ದಿನಾ ಕೇಳಿಸ್ಕೊಳ್ತಿದ್ರಲ್ಲ."

ಅಪ್ಪ ಹಾಳೆಗಳನ್ನು ಕಟ್ಟಿಟ್ಟರು. ಕೇಳಿಸಿಕೊಂಡದ್ದನ್ನೆಲ್ಲ ತಮ್ಮದೇ ಎಂದು ನಂಬಿದ್ದಾಗಿ ಅವರು ನನ್ನೊಡನೆ ಒಪ್ಪಿಕೊಂಡದ್ದು ಎಷ್ಟೋ ವರ್ಷಗಳ ನಂತರ.

ಕೈ ವಾಸಿಯಾದ ಮೇಲೆ ಅಮ್ಮ ಮತ್ತೆ ಬರೆಯತೊಡಗಿದಳು, ಸಂಯೋಜನೆಗಳಿಗೆ ಮತ್ತೆ ಜೀವ ಬಂತು. ಮರುವರ್ಷ ರೇಡಿಯೋದವರು ಅಪ್ಪನ ಸಂದರ್ಶನ ಇಟ್ಟುಕೊಂಡರು. ಸ್ಟುಡಿಯೋದ ಗಾಜಿನ ಆಚೆ ಬದಿಯ ಕೋಣೆಯಲ್ಲಿ ಅಮ್ಮ, ನಾನು ಕೂತಿದ್ದೆವು. ಅಮ್ಮನ ಮಡಿಲಲ್ಲಿ ಅಪ್ಪನ ಕೋಟಿತ್ತು.

"ಹಿಂದಿನ ಸಾಲಿನವರಿಗೂ ಮಾತು ಕೊಡೋ ಈ ಕಲೆ ನಿಮಗೆ ಎಲ್ಲಿಂದ ಬಂತು ಸಾರ್?" ಎಂದು ಸಂದರ್ಶಕಿ ಕೇಳಿದಳು.

ಅಪ್ಪ ಗಾಜಿನ ಕಡೆ ನೋಡಿದರು. ಅಮ್ಮ ನಕ್ಕಳು. ಈಗ ಹೇಳುತ್ತಾರೆ ಎಂದು ನಾನು ಮುಂದಕ್ಕೆ ಬಗ್ಗಿದೆ.

"ಅಭ್ಯಾಸದಿಂದ ಬರುತ್ತೆ" ಎಂದರು ಅಪ್ಪ. "ಕಿವಿ ಪಳಗಬೇಕು, ಅಷ್ಟೇ."

ವಾಪಸ್ಸು ಬರುವಾಗ ಬಸ್ಸಿನಲ್ಲಿ ಅಮ್ಮ ಹೇಳಿದ್ದು ಇಷ್ಟೇ: "ಮಾತಾಡೋ ಮುಂಚೆ ಒಂದು ಗುಟುಕು ನೀರು ಕುಡೀಬೇಕಿತ್ತು. ಗಂಟಲು ಒಣಗಿತ್ತು ನಿಮಗೆ."

ಅವಳು ಅಳಲಿಲ್ಲ, ಮುನಿಸಿಕೊಳ್ಳಲಿಲ್ಲ. ಮಾರನೆಯ ದಿನ ಎಂದಿನಂತೆ ಮೇಜಿನ ಮುಂದೆ ಕೂತು, ಅಪ್ಪ ಬರೆದದ್ದನ್ನು ಬರೆದ ಹಾಗೇ ಇಳಿಸಿದಳು. ಅಪ್ಪ ಕಣ್ತಪ್ಪಿ ಮಾಡಿದ ಒಂದು ತಪ್ಪೂ ಶಾಯಿಯಲ್ಲಿ ಹಾಗೇ ಮೂಡಿತು. ಅಪ್ಪ ಅದನ್ನು ನೋಡಿದರು. ನೋಡಿ, ತಾವೇ ಬ್ಲೇಡಿನಿಂದ ಕೆರೆದು ಸರಿಮಾಡಿಕೊಂಡರು. "ಮೊದಲಿನ ಹಾಗೆ ತಿದ್ದು" ಎಂದು ಕೇಳಲು ಬಾಯಿ ಬರಲಿಲ್ಲ. ಕೇಳಿದರೆ ರೇಡಿಯೋದಲ್ಲಿ ಆಡಿದ ಮಾತನ್ನು ನುಂಗಿಕೊಳ್ಳಬೇಕಲ್ಲ.

ಎರಡು ವರ್ಷದಲ್ಲಿ ಕ್ಯಾಪ್ಟನ್ ಬೇರೊಬ್ಬ ಸಂಯೋಜಕನನ್ನು ಕರೆಸಿಕೊಂಡರು. ಅಪ್ಪ ಬಿಸ್ಕತ್ತು, ಸಾಬೂನುಗಳ ಜಾಹೀರಾತಿಗೆ ರಾಗ ಕೂಡಿಸಿದರು. ಆಮೇಲೆ ಒಂದು ಬಟ್ಟೆ ಅಂಗಡಿಯ ಎರಡನೇ ಮಹಡಿಯಲ್ಲಿ, ಕೋಟುಗಳ ಸಾಲಿನ ಪಕ್ಕ, ಮಧ್ಯಾಹ್ನದ ಹೊತ್ತು ಪಿಯಾನೋ ನುಡಿಸಿದರು. ಅಮ್ಮ ಮಾತ್ರ ಅವರ ಡಬ್ಬಿಗೆ ಎರಡು ಚಮಚ ಹೆಚ್ಚೇ ತುಂಬಿ ಕಳಿಸುತ್ತಿದ್ದಳು. ಇಬ್ಬರೂ ಚೆನ್ನಾಗಿಯೇ ಇದ್ದರು. ಎಲ್ಲವನ್ನೂ ಮಾತಾಡುತ್ತಿದ್ದರು, ಸಂಗೀತವೊಂದನ್ನು ಬಿಟ್ಟು.

ಅಮ್ಮ ಕೊನೆಯ ಸಲ ಆಸ್ಪತ್ರೆ ಸೇರಿದಾಗ ಅಪ್ಪ ಅವಳ ಮಂಚದ ಪಕ್ಕ ಸ್ಟೂಲಿನ ಮೇಲೆ ಕೂತು ಶುರು ಮಾಡಿದರು. "ಅವತ್ತು ರೇಡಿಯೋದಲ್ಲಿ…"

"ಅಯ್ಯೋ, ಹಳೇ ಕಥೆ ಯಾಕ್ರೀ ಈಗ?" ಎಂದಳು ಅಮ್ಮ. "ಆ ಕಿಟಕಿ ಸ್ವಲ್ಪ ತೆಗೀರಿ. ಸೆಕೆ."

ಅಪ್ಪ ಎದ್ದು ಕಿಟಕಿ ತೆಗೆದರು. ಮತ್ತೆ ಮಾತು ಹಿಡಿಯುವಷ್ಟರಲ್ಲಿ ಅವಳಿಗೆ ನಿದ್ದೆ ಬಂದಿತ್ತು. ಮೂರನೇ ದಿನ ಅಮ್ಮ ಹೋಗಿಬಿಟ್ಟಳು.

ನಾಲ್ಕು ವರ್ಷಗಳ ಮೇಲೆ ಪ್ರಕಾಶಕರೊಬ್ಬರು ಹಳೆಯ ಸಂಯೋಜನೆಗಳನ್ನು ಪುಸ್ತಕ ಮಾಡುತ್ತೇವೆ ಎಂದು ಬಂದರು. ಮುಖಪುಟದಲ್ಲಿ ಎರಡು ಹೆಸರಿರಬೇಕು ಎಂದು ಅಪ್ಪ ಪಟ್ಟು ಹಿಡಿದರು. ಅಮ್ಮನ ಸ್ವರಗಳನ್ನೆಲ್ಲ ಕೆಂಪು ಶಾಯಿಯಲ್ಲಿ ಗುರುತು ಮಾಡುತ್ತೇನೆ ಎಂದು ಕೂತರು. ಆದರೆ ಮೊದಲ ಹತ್ತು ವರ್ಷದ ಪೆನ್ಸಿಲ್ ಹಾಳೆಗಳು ಮನೆ ಬದಲಿಸುವಾಗ ರದ್ದಿಗೆ ಹೋಗಿದ್ದವು, ಅಮ್ಮನ ಪ್ರತಿಗಳಷ್ಟೇ ಉಳಿದಿದ್ದವು. ಅಪ್ಪ ಒಂದೊಂದು ಸಾಲನ್ನೂ ಪಿಯಾನೋದಲ್ಲಿ ಹತ್ತಾರು ಸಲ ನುಡಿಸಿ ನನ್ನ ಮುಖ ನೋಡುತ್ತಿದ್ದರು.

"ಇದು ನಂದಾ, ಅವಳದಾ?"

"ನನಗೆ ಹೇಗಪ್ಪ ಗೊತ್ತಾಗುತ್ತೆ?"

"ಹಾಗಾದ್ರೆ ಎಲ್ಲಾ ಅವಳದೇ ಅಂತ ಬರೆದುಬಿಡು."

"ಅದೂ ಸುಳ್ಳೇ ಆಗುತ್ತಲ್ಲಪ್ಪ."

ಅವರು ಪೆನ್ನಿನ ಮುಚ್ಚಳ ಹಾಕಿ ಕಣ್ಣೊರೆಸಿಕೊಂಡರು.

ಪುಸ್ತಕ ಎರಡು ಹೆಸರಿನಲ್ಲೇ ಬಂತು. ಪತ್ರಿಕೆಯಲ್ಲಿ ವಿಮರ್ಶೆ ಬರೆದವರು ಅಪ್ಪನನ್ನು ಎರಡು ಕಾಲಂ ತುಂಬ ಹೊಗಳಿ, "ಪತ್ನಿಯ ಸಹಕಾರವೂ ಸ್ಮರಣೀಯ" ಎಂದು ಮುಗಿಸಿದ್ದರು. ಅಪ್ಪ ಅವತ್ತೇ ಸಂಪಾದಕರಿಗೆ ಕಾಗದ ಬರೆದರು. ಅದು ಅಚ್ಚಾಗಲಿಲ್ಲ. ಮತ್ತೊಂದು ಬರೆದರು. ಈಗ ಅವರಿಗೆ ಎಂಬತ್ತೊಂದು, ಕೈ ನಡುಗುತ್ತದೆ. ಮೂರನೆಯದನ್ನು ಅವರು ಹೇಳಿದ ಹಾಗೆ ನಾನು ಬರೆದು, ಮೊನ್ನೆ ಬೆಳಿಗ್ಗೆ ಅಂಚೆಗೆ ಹಾಕಿ ಬಂದೆ.