ಭೈರಮ್ಮನ ನಾಲ್ಕು ಪುಟ

ನರಸಿಂಹರಾಜಪುರದ ದಿನಸಿ ವ್ಯಾಪಾರಿ ರೇಣುಕಪ್ಪನ ಹೆಂಡತಿ ಸುಮಿತ್ರಮ್ಮನ ಅಕ್ಷರ ಅಚ್ಚಿನ ಮೊಳೆಗಳನ್ನೇ ನಾಚಿಸುವಷ್ಟು ದುಂಡಗಿತ್ತು. ‘ಕಾನುಮಲ್ಲಿಗೆ’ ಎಂಬ ಕೈಬರಹದ ಮಾಸಪತ್ರಿಕೆ ನಿಂತಿದ್ದದ್ದೇ ಆ ಅಕ್ಷರದ ಮೇಲೆ. ಶಾಲೆಯ ಶಾಂತವೀರಪ್ಪ ಮೇಷ್ಟ್ರು ಅದರ ಸಂಪಾದಕರು. ಕಾಗದ, ಶಾಯಿ ಕೊಡಿಸುವವರು ಕೊಪ್ಪದ ಜಮೀನುದಾರ ನಾಗಪ್ಪನವರು. ಯುದ್ಧದಿಂದಾಗಿ ಕಾಗದ ಸಿಗದ ಕಾಲ. ತಿಂಗಳಿಗೆ ಒಂದೇ ಪ್ರತಿ. ಅದು ಮನೆಯಿಂದ ಮನೆಗೆ ತಿರುಗಿ, ಬಸ್ಸು ಹತ್ತಿ ಕಮ್ಮರಡಿಯವರೆಗೂ ಹೋಗಿ, ಮೂಲೆ ಮಡಚಿಕೊಂಡು ವಾಪಸು ಬರುತ್ತಿತ್ತು. ಬರೆಯುವವರು ಗಂಡಸರು, ಅದನ್ನು ಅಂದವಾಗಿ ನಕಲು ಮಾಡುವವಳು ಸುಮಿತ್ರಮ್ಮ.

ಆ ಮನೆಗೆ ಭತ್ತ ಕುಟ್ಟಲು ಬರುತ್ತಿದ್ದವಳು ಭೈರಮ್ಮ, ಘಟ್ಟದ ಕೆಳಗಿನವಳು. ಒನಕೆ ಹಿಡಿದರೆ ತುಳುವಿನಲ್ಲಿ ಹಾಡು ಶುರು. ಒಂದು ಮಧ್ಯಾಹ್ನ ಸುಮಿತ್ರಮ್ಮ ಅರ್ಥ ಕೇಳಿದಳು. ಬೇಸಿಗೆಯಲ್ಲಿ ಒರತೆ ಬತ್ತಿ ಬರಿಗೊಡ ಹೊತ್ತು ನಿಂತ ಸೊಸೆಯೊಬ್ಬಳು ಗುಡ್ಡವನ್ನೇ ಬೈಯುವ ಹಾಡು ಅದು. ‘ಮಳೆಗಾಲದಲ್ಲಿ ನಮ್ಮ ಗದ್ದೆಯ ಮೇಲೆಲ್ಲ ಉಗುಳಿದೆಯಲ್ಲ, ಈಗೇಕೆ ಬಾಯಿ ಹೊಲಿದುಕೊಂಡೆ?’ ಎಂದು ಕೇಳಿ, ಅವಳು ಕತ್ತಿಯಿಂದ ನೆಲ ಬಗೆಯುತ್ತಾಳೆ. ನೀರು ಬಂದಾಗ ಅತ್ತೆಗೆ ಒಯ್ಯದೆ ಮೊದಲು ತಾನು ಕುಡಿಯುತ್ತಾಳೆ.

ಇಷ್ಟು ತಿಂಗಳು ತಾನು ನಕಲು ಮಾಡಿದ್ದರಲ್ಲಿ ಒಬ್ಬ ಸೊಸೆಯೂ ಮೊದಲು ನೀರು ಕುಡಿದದ್ದು ಸುಮಿತ್ರಮ್ಮನಿಗೆ ನೆನಪಾಗಲಿಲ್ಲ. ತುಳು ಮಾತನ್ನು ಕನ್ನಡ ಅಕ್ಷರದಲ್ಲಿ ಇಳಿಸಿ, ಕೆಳಗೆ ಕನ್ನಡದ ಅರ್ಥ ಕೊಟ್ಟು, ಪುಟದ ತಲೆಯಲ್ಲಿ ಭೈರಮ್ಮನ ಹೆಸರು ಬರೆದು, ಆ ತಿಂಗಳ ಸಂಚಿಕೆಯಲ್ಲಿ ನಾಲ್ಕು ಪುಟ ಹಾಕಿಬಿಟ್ಟಳು.

ಮೇಷ್ಟ್ರು ಸಂಚಿಕೆ ಒಯ್ಯಲು ಬಂದವರು ಜಗುಲಿಯಲ್ಲೇ ಪುಟ ತಿರುವಿ ಹುಬ್ಬು ಗಂಟಿಕ್ಕಿದರು.

“ಇದೆಂತದು ತಾಯಿ? ಕನ್ನಡ ಪತ್ರಿಕೆಯಲ್ಲಿ ತುಳು?”

“ಅಕ್ಷರ ಕನ್ನಡದ್ದೇ ಅಲ್ವಾ ಮೇಷ್ಟ್ರೇ.”

“ಹಾಗಲ್ಲ. ಕುಟ್ಟುವಾಗ ಹಾಡಿಕೊಳ್ಳೋದೆಲ್ಲ ಸಾಹಿತ್ಯ ಆಗೋದಿಲ್ಲ. ಒಂದು ಛಂದಸ್ಸು, ಒಂದು ಶಿಷ್ಟ ಭಾಷೆ ಬೇಡವಾ? ನಾಗಪ್ಪನವರು ಒಪ್ಪೋದಿಲ್ಲ. ಬೇಕಿದ್ರೆ ಅರ್ಥ ಮಾತ್ರ ಇರಲಿ. ‘ಹಳ್ಳಿಯ ಒಂದು ಪದ’ ಅಂತ ಹಾಕೋಣ. ಆ ಹೆಂಗಸಿನ ಹೆಸರು ಯಾಕೆ?”

“ನಿಮ್ಮ ಪದ್ಯಕ್ಕೆ ನಿಮ್ಮ ಹೆಸರು ಯಾಕೆ ಹಾಕ್ತೀರಿ?”

ಮೇಷ್ಟ್ರ ಮುಖ ಕೆಂಪಾಯಿತು. ಸುಮಿತ್ರಮ್ಮ ಬಿಡಲಿಲ್ಲ. “ನೀವೂ ದಿನಾ ಲಿಂಗಪೂಜೆ ಹೊತ್ತಿಗೆ ಶರಣರ ವಚನ ಹೇಳ್ತೀರಿ. ಅವರಲ್ಲಿ ದೋಣಿ ನಡೆಸೋರಿದ್ರು, ಕಸ ಗುಡಿಸೋರಿದ್ರು. ಅವರು ಯಾವ ಛಂದಸ್ಸು ಕೇಳಿಕೊಂಡು ಬಾಯಿ ತೆಗೆದ್ರು? ನಾನಂತೂ ಒಂದಕ್ಷರ ತೆಗೆಯೋದಿಲ್ಲ.”

ಮೇಷ್ಟ್ರು ಸಂಚಿಕೆಯನ್ನು ಚೀಲಕ್ಕೆ ಹಾಕಿಕೊಂಡು ಹೋದರು. ಒಪ್ಪಿದರೆಂದೇ ಅವಳು ತಿಳಿದಳು.

ಆ ತಿಂಗಳ ಕೊನೆಯಲ್ಲಿ ಕೊಪ್ಪದಲ್ಲಿ ಪತ್ರಿಕೆಯ ವಾರ್ಷಿಕ ಸಭೆ. ಸುಮಿತ್ರಮ್ಮನ ಅಕ್ಷರಕ್ಕೆ ಸೀರೆ ಉಡುಗೊರೆ ಕೊಟ್ಟು ಮರ್ಯಾದೆ ಮಾಡುವುದೆಂದು ಗೊತ್ತಾಗಿತ್ತು. ಅವಳು ಗಂಡನ ಜೊತೆ ಭೈರಮ್ಮನನ್ನೂ ಬಸ್ಸು ಹತ್ತಿಸಿದಳು. ಅಚ್ಚುಕಟ್ಟಾಗಿ ಬರೆದ ಅವಳ ಹೆಸರನ್ನು ಅವಳಿಗೇ ತೋರಿಸುವ ಆಸೆ.

ಸಭೆಯ ಮೇಜಿನ ಮೇಲೆ ಸಂಚಿಕೆ ಇತ್ತು. ಸುಮಿತ್ರಮ್ಮ ಬಿಡಿಸಿದಳು. ನಾಲ್ಕು ಪುಟಗಳೂ ಇರಲಿಲ್ಲ. ಹೊಲಿಗೆಯ ಪಕ್ಕ ಚಾಕುವಿನಿಂದ ಕೊಯ್ದ ಸಣ್ಣ ಅಂಚು ಮಾತ್ರ ಉಳಿದಿತ್ತು. ಅತ್ತ ನಾಗಪ್ಪನವರು ತಟ್ಟೆಯಲ್ಲಿ ಸೀರೆ ಹಿಡಿದು ನಿಂತು ಅವಳ ಹೆಸರು ಕರೆದರು.

ಅವಳು ಎದ್ದಳು. ತಟ್ಟೆ ಮುಟ್ಟಲಿಲ್ಲ.

“ಈ ಅಕ್ಷರದಲ್ಲಿ ಬರೆದ ನಾಲ್ಕು ಪುಟ ಕೊಯ್ದು ಹಾಕಿದೀರಿ. ಹಾಗಿರುವಾಗ ಅಕ್ಷರಕ್ಕೆಂತ ಮರ್ಯಾದೆ? ಈ ಸೀರೆ ನನಗೆ ಬೇಡ.”

“ಎಂತ ಮಾತು ಮಾರಾಯ್ತಿ, ಕೂತ್ಕೋ,” ಎಂದು ರೇಣುಕಪ್ಪ ಸೆರಗು ಜಗ್ಗಿದ. ಅವಳು ಸೆರಗು ಬಿಡಿಸಿಕೊಂಡು ಹಿಂದೆ ತಿರುಗಿ, ನಡೆದದ್ದನ್ನು ಭೈರಮ್ಮನಿಗೆ ಹೇಳಿದಳು.

ಬಾಗಿಲ ಬಳಿ ಕೂತಿದ್ದ ಭೈರಮ್ಮ ನಕ್ಕೇಬಿಟ್ಟಳು. “ಕಾಗದ ಕೊಯ್ದರಾ? ನನ್ನ ನಾಲಗೆ ಇಲ್ಲೇ ಉಂಟಲ್ಲ ಅಮ್ಮ!” ಎಂದವಳೇ ಎಲೆಅಡಿಕೆ ಉಗಿದು ಬಂದು, ಸೆರಗು ಸೊಂಟಕ್ಕೆ ಸಿಕ್ಕಿಸಿ ಹಾಡತೊಡಗಿದಳು.

“ನಿಲ್ಲಿಸಿ ಇದನ್ನ!” ಎಂದರು ನಾಗಪ್ಪನವರು. ಅವಳು ದನಿ ಇನ್ನಷ್ಟು ಏರಿಸಿದಳು. ಅವರು ತಟ್ಟೆ ಕುಕ್ಕಿ ಹೊರಗೆ ನಡೆದರು. ಮುಂದಿನ ಸಾಲು ಪೂರ್ತಿ ಅವರ ಹಿಂದೆ ಹೋಯಿತು. ಸುಮಿತ್ರಮ್ಮ ಭೈರಮ್ಮನ ಪಕ್ಕದಲ್ಲೇ ನಿಂತು ಪ್ರತಿ ಸಾಲಿನ ಅರ್ಥ ಕನ್ನಡದಲ್ಲಿ ಹೇಳಿದಳು. ಸೊಸೆ ಮೊದಲು ತಾನೇ ನೀರು ಕುಡಿಯುವ ಕಡೆ ಬಂದಾಗ, ಹಿಂದಿನ ಬೆಂಚಿನ ಹೆಂಗಸರು ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕರು. ಮೇಷ್ಟ್ರು ಹೊರಗೆ ಹೋಗಲಿಲ್ಲ. ತಲೆಯನ್ನೂ ಎತ್ತಲಿಲ್ಲ.

ಕಾಗದ ನಿಂತಿತು, ಅದರೊಂದಿಗೆ ‘ಕಾನುಮಲ್ಲಿಗೆ’ಯೂ ನಿಂತಿತು. ನಾಗಪ್ಪನವರ ಕಡೆಯವರು ರೇಣುಕಪ್ಪನ ಅಂಗಡಿ ಮೆಟ್ಟಿಲು ಹತ್ತುವುದನ್ನು ಬಿಟ್ಟರು. ಅವನು ನಾಲ್ಕು ದಿನ ಹೆಂಡತಿಯ ಜೊತೆ ಮಾತು ಬಿಟ್ಟ. ಐದನೆಯ ದಿನ ಪೊಟ್ಟಣ ಕಟ್ಟುವ ಒರಟು ಕಾಗದದ ಒಂದು ಕಟ್ಟು ತಂದು ಅವಳ ಮುಂದೆ ಹಾಕಿದ. “ಹೇಗೂ ಗಿರಾಕಿ ಕಡಿಮೆ. ಇಷ್ಟು ಕಾಗದ ನನಗೆಂತಕ್ಕೆ?”

ಆ ಕಾಗದದಲ್ಲಿ ಶಾಯಿ ಹರಡುತ್ತಿತ್ತು. ದುಂಡಗಿನ ಅಕ್ಷರ ದಪ್ಪವಾಗಿ, ಒಡ್ಡೊಡ್ಡಾಗಿ ಕಂಡಿತು. ಸುಮಿತ್ರಮ್ಮ ಲೆಕ್ಕಿಸಲಿಲ್ಲ. ಭೈರಮ್ಮನ ಹಾಡನ್ನು ಮತ್ತೆ ಬರೆದಳು. ಆಸ್ಪತ್ರೆಯ ನರ್ಸು ಅನ್ನಮ್ಮ ತಾನು ಊರು ಬಿಟ್ಟು ಬಂದ ಕಥೆಯನ್ನು ಮಲೆಯಾಳದಲ್ಲಿ ಹೇಳಿದಳು. ಮರ ಕೊಯ್ಯುವ ಸಾಹೇಬರು ಉರ್ದುವಿನಲ್ಲಿ ತಾವೇ ಕಟ್ಟಿದ ಎರಡು ಪದ್ಯ ಕೊಟ್ಟರು. ಎಲ್ಲ ಕನ್ನಡ ಅಕ್ಷರದಲ್ಲಿ, ಕೆಳಗೆ ಅರ್ಥ, ಮೇಲೆ ಅವರವರ ಹೆಸರು. ಸಂಚಿಕೆ ಮತ್ತೆ ಬಸ್ಸು ಹತ್ತಿತು. ಕೊಪ್ಪದ ಕೆಲವು ಮನೆಗಳವರು ಮುಟ್ಟದೆ ವಾಪಸು ಕಳಿಸಿದರು. ಭಂಡಿಗಡಿಯ ಹೆಂಗಸರು ಮಾತ್ರ ತಿಂಗಳು ಕಳೆದರೂ ವಾಪಸು ಕೊಡಲೇ ಇಲ್ಲ.

ಎರಡನೆಯ ಸಂಚಿಕೆ ಬರೆಯುತ್ತಿದ್ದಾಗ ಶಾಂತವೀರಪ್ಪ ಮೇಷ್ಟ್ರು ಜಗುಲಿಗೆ ಬಂದು ನಿಂತರು. ಕೈಯಲ್ಲಿ ಒಂದು ಲೇಖನವಿತ್ತು.

“ಕೊಯ್ದದ್ದು ನಾನೇ ತಾಯಿ. ನಾಗಪ್ಪನವರು ಹೇಳಿದ್ರು, ನಾನು ಕೊಯ್ದೆ.”

“ಗೊತ್ತು ಮೇಷ್ಟ್ರೇ.”

“ಇದನ್ನ ತಗೋತೀರಾ?”

“ತಗೋತೀನಿ. ಅನ್ನಮ್ಮನ ಕಥೆ ಇನ್ನೂ ಮುಗಿದಿಲ್ಲ, ಅದಾದ ಮೇಲೆ ಬರುತ್ತೆ.”

ಮೇಷ್ಟ್ರಿಗೆ ಮೊದಲ ಪುಟ ಬಿಟ್ಟು ಬೇರೆ ಪುಟ ಗೊತ್ತಿರಲಿಲ್ಲ. ಆದರೂ ಲೇಖನವನ್ನು ಜಗುಲಿಯ ಮೇಲಿಟ್ಟು, ಚಪ್ಪಲಿ ಬಿಟ್ಟು ಒಳಗೆ ಬಂದು ಕೂತರು. ಸುಮಿತ್ರಮ್ಮ ಶಾಯಿಯ ದೌತಿಯನ್ನು ಅವರ ಕಡೆ ಸರಿಸಿ, ಮುಂದಿನ ಪುಟಗಳಿಗೆ ಗೆರೆ ಎಳೆದುಕೊಡಲು ಹೇಳಿದಳು.