ನಡುವಿನದು

ಮಂಗಮ್ಮ ಒಂದೊಂದೇ ತಟ್ಟೆ ಹೊರಗೆಳೆದು ತೋರಿಸುತ್ತಿದ್ದಳು, ಶ್ಯಾಮಲಮ್ಮ ಹುಳುಮನೆಯ ಬಾಗಿಲಾಚೆಯಿಂದಲೇ ಕತ್ತು ಚಾಚಿ ನೋಡುತ್ತಿದ್ದಳು. ಸೂತಕದ ಕಾಲು ಒಳಗಿಡುವಂತಿಲ್ಲ. ನಡುಮನೆಯಲ್ಲಿ ಗಂಡನ ಹೆಣ ಇಟ್ಟುಕೊಂಡು ಈ ಹೆಂಗಸಿಗೆ ರೇಷ್ಮೆಹುಳುವಿನ ಚಿಂತೆಯೇ ಎಂದು ದಿಬ್ಬೂರಹಳ್ಳಿಯಿಂದ ಬಂದ ನೆಂಟರು ಪಿಸುಗುಟ್ಟಿದರು. ಹುಳುಗಳು ನಾಲ್ಕನೇ ಜ್ವರಕ್ಕೆ ಕೂತಿದ್ದವು. ಮೇವು ಬಿಟ್ಟು, ತಲೆ ಎತ್ತಿಕೊಂಡು, ಅಲ್ಲಾಡದೆ. ಹಳೆಯ ಚರ್ಮ ಕಳಚಿ ಎಲ್ಲವೂ ಏಳುವ ತನಕ ಸೊಪ್ಪು ಹಾಕಬಾರದು. ಎದ್ದಮೇಲೆ ನಾನು ನೋಡಿಕೊಳ್ಳುತ್ತೇನೆ ಎಂದು ಪಕ್ಕದ ಮನೆಯ ಮಂಗಮ್ಮ ಬೆಳಿಗ್ಗೆಯೇ ಹೇಳಿದ್ದಳು.

ನಿಜ ಹೇಳಬೇಕೆಂದರೆ ಶ್ಯಾಮಲಮ್ಮ ಹೊತ್ತು ಕಳೆಯುತ್ತಿದ್ದಳು. ಗೌರಿಬಿದನೂರಿನಲ್ಲಿರುವ ಮಗಳು ಅನಸೂಯ ಬರಬೇಕಿತ್ತು. ಭಾವ ಆವಲಪ್ಪನವರ ಮಗ ವೆಂಕಟೇಶ್ ಯಾರಿಗೂ ಹೇಳದೆ ಸೈಕಲ್ಲು ಹತ್ತಿ ಹೋಗಿ ಅವಳ ಮನೆಯ ಪಕ್ಕದವರಿಗೆ ಫೋನು ಮಾಡಿಸಿ ಬಂದಿದ್ದ. ಅಲ್ಲಿಂದ ಮೂರು ಬಸ್ಸು ಬದಲಾಯಿಸಬೇಕು.

ಆವಲಪ್ಪ ಬಂದು ನಿಂತರು. ಸತ್ತವನಿಗೆ ಅಣ್ಣ, ಈ ಮನೆಯ ಒಳ್ಳೆಯದು ಕೆಟ್ಟದ್ದಕ್ಕೆಲ್ಲ ಹಿರಿಯರು. ತೋಟದಲ್ಲಿ ಗುಂಡಿ ತೋಡಿಯಾಗಿದೆ, ಒಂದೂವರೆಗೆ ರಾಹುಕಾಲ, ಅಷ್ಟರೊಳಗೆ ಎತ್ತಬೇಕು ಎಂದರು.

"ಅವಸರ ಮಾಡ್ಬೇಡಿ ಭಾವ. ಮಣ್ಣಿಗಿಡೋ ತನಕ ಅವರು ನಡುವಿನದು. ನಡುವಿನದನ್ನ ಯಾರೂ ದಬ್ಬಬಾರ್ದು ಅಂತ ನಿಮ್ಮ ತಮ್ಮನೇ ಹೇಳ್ತಿದ್ರಲ್ಲ."

ಆವಲಪ್ಪ ಅವಳ ಮುಖವನ್ನೊಮ್ಮೆ ನೋಡಿ ಬೀದಿಯ ಕಡೆ ಹೋದರು. ಗಂಡನ ಆ ಮಾತನ್ನು ಅವಳು ಬದುಕಿನಲ್ಲಿ ಒಮ್ಮೆಯೂ ಒಪ್ಪಿದವಳಲ್ಲ.

* * *

ಶ್ಯಾಮಲಮ್ಮನ ಗಂಡ ವೆಂಕಟರವಣಪ್ಪನಿಗೆ ನಾಲ್ಕಕ್ಷರ ಬಂದರೆ ಹೆಚ್ಚು. ಆದರೆ ಮೂವತ್ತು ವರ್ಷ ಹುಳು ಸಾಕಿ ಅವನೊಂದು ವೇದಾಂತ ಕಟ್ಟಿಕೊಂಡಿದ್ದ. ಜ್ವರಕ್ಕೆ ಕೂತ ಹುಳು ಹಳೆಯದೂ ಅಲ್ಲ, ಹೊಸದೂ ಅಲ್ಲ. ಅದು ನಡುವಿನದು. ಹಾಗೆಯೇ ಮುಸ್ಸಂಜೆ, ಬಸುರಿ, ಹಸೆಗೆ ಕೂತು ಇನ್ನೂ ತಾಳಿ ಬೀಳದ ಹುಡುಗಿ, ಎಲ್ಲವೂ ನಡುವಿನವು. ಲೋಕದ ಕಟ್ಟಳೆಗಳೆಲ್ಲ ಈ ಕಡೆಯವರಿಗೆ ಇಲ್ಲವೇ ಆ ಕಡೆಯವರಿಗೆ. ನಡುವೆ ಇರುವುದನ್ನು ಬೈಯಬಾರದು, ಹೊಗಳಬಾರದು, ತಾನಾಗಿ ಏಳುವ ತನಕ ಕಾಯಬೇಕು. ಊರಿನವರು ಇವನದು ಅಡ್ಡಗೋಡೆ ಮೇಲೆ ದೀಪ ಇಟ್ಟ ಮಾತು ಎಂದು ನಗುತ್ತಿದ್ದರು. ಅವನ ಹುಳು ಮಾತ್ರ ಒಂದು ಸಲವೂ ಕೆಟ್ಟಿರಲಿಲ್ಲ.

ಅನಸೂಯ ಬೇರೆ ಜಾತಿಯ ಮೇಷ್ಟ್ರನ್ನು ರಿಜಿಸ್ಟರ್ ಮದುವೆಯಾಗಿ, ಅವನನ್ನೂ ಕರೆದುಕೊಂಡು ಬಂದ ದಿನ ವೆಂಕಟರವಣಪ್ಪ ತಲೆಬಾಗಿಲಿಗೆ ಬಂದು ಹೊಸ್ತಿಲ ಮೇಲೆ ನಿಂತುಬಿಟ್ಟ. ಒಳಗಿನಿಂದ ಆವಲಪ್ಪ ಅಟ್ಟು ಅವಳನ್ನ ಎನ್ನುತ್ತಿದ್ದರು. ಹೊರಗೆ ಮಗಳು ಅಪ್ಪನ ಮುಖವನ್ನೇ ನೋಡುತ್ತಿದ್ದಳು. ಅವನು ಅತ್ತಲೂ ತಿರುಗಲಿಲ್ಲ, ಇತ್ತಲೂ ತಿರುಗಲಿಲ್ಲ.

"ಈಗ ಏನೂ ಅನ್ನಬಾರ್ದು ಕಣೇ," ಎಂದು ಆಮೇಲೆ ಹೆಂಡತಿಗೆ ಹೇಳಿದ. "ಅವಳೂ ನಡುವೆ ಇದಾಳೆ, ನಾನೂ ನಡುವೆ ಇದೀನಿ."

ಅಷ್ಟರಲ್ಲಿ ಅವರಿಬ್ಬರೂ ಸಂಜೆಯ ಬಸ್ಸು ಹತ್ತಿ ಹೋಗಿದ್ದರು. ಹುಳುವಿನ ಜ್ವರ ಹೆಚ್ಚೆಂದರೆ ಒಂದೂವರೆ ದಿನ. ಇವನದು ಒಂಬತ್ತು ವರ್ಷವಾದರೂ ಬಿಡಲಿಲ್ಲ. ಶ್ಯಾಮಲಮ್ಮ ಜಗಳವಾಡಿದಳು, ಅತ್ತಳು, ಹೊಸ್ತಿಲ ಮೇಲೆ ನಿಂತವನು ಬೇರೆಯವರ ದಾರಿಗೆ ಅಡ್ಡ, ಅಷ್ಟೇ ಎಂದು ಮುಖಕ್ಕೆ ಹೇಳಿದಳು. ಅವನು ಕೇಳಿಕೊಂಡು ಸೊಪ್ಪು ಕೊಯ್ಯಲು ಹೋಗುತ್ತಿದ್ದ. ಆದರೂ ಅವಳಿಗೆ ಹೆಚ್ಚು ಸಿಟ್ಟಿದ್ದುದು ತನ್ನ ಮೇಲೆಯೇ. ಆ ದಿನ ಗಂಡನ ಭುಜದ ಮೇಲಿಂದ ಇಣುಕಿದ್ದಳೇ ಹೊರತು, ಅವನನ್ನು ಸರಿಸಿ ಆಚೆ ಹೋಗಿರಲಿಲ್ಲ.

* * *

ಒಂದು ಗಂಟೆಗೆ ಅನಸೂಯ ಬಂದಳು. ಬೀದಿಯಲ್ಲಿ, ಚಟ್ಟ ಕಟ್ಟುತ್ತಿದ್ದವರ ಪಕ್ಕದಲ್ಲಿ ನಿಂತಳು. ಅಳುತ್ತಿರಲಿಲ್ಲ. ಬಸ್ಸಿನ ಧೂಳು ಮುಖಕ್ಕೆ ಮೆತ್ತಿತ್ತು.

ಆವಲಪ್ಪ ಬಾಗಿಲಿಗೆ ಬಂದರು. ಗದರಲಿಲ್ಲ, ಅವರಿಗೂ ವಯಸ್ಸಾಗಿತ್ತು. ಸ್ನಾನ ಮಾಡಿಸಲು ಹೆಣ ಹೊರಗೆ ತಂದಾಗ ಮುಖ ನೋಡಿಕೊಂಡು ಹೋಗಲಿ, ಒಳಗೆ ಮಾತ್ರ ಬೇಡ ಎಂದರು. ಬೀದಿಯ ಜನ ಶ್ಯಾಮಲಮ್ಮನ ಕಡೆ ನೋಡಿದರು.

ಅವಳು ಭಾವನನ್ನು ದಾಟಿಕೊಂಡು ಮೆಟ್ಟಿಲಿಳಿದು ಬೀದಿಗೆ ಬಂದಳು. ಮಗಳ ಕೈ ಹಿಡಿದಳು. ಕೈ ತಣ್ಣಗಿತ್ತು.

"ಅಪ್ಪ ಏನಾದ್ರೂ ಅಂದ್ರಾ ಅಮ್ಮ? ಕೊನೇಲಿ?"

ಹಿಂದಿನ ಸಂಜೆ ವೆಂಕಟರವಣಪ್ಪ ಎಲ್ಲಾ ತಟ್ಟೆಯಲ್ಲೂ ಹುಳು ಕೂತವಾ ಎಂದು ಕೇಳಿದ್ದ. ಅದು ಬಿಟ್ಟು ಬೇರೇನೂ ಅಂದಿರಲಿಲ್ಲ. ಪಕ್ಕದಲ್ಲೇ ಕೂತಿದ್ದ ಆವಲಪ್ಪನವರಿಗೂ ಅದು ಗೊತ್ತಿತ್ತು.

"ಅಂದ್ರು," ಎಂದಳು ಶ್ಯಾಮಲಮ್ಮ, ಎಲ್ಲರಿಗೂ ಕೇಳುವಷ್ಟು ಗಟ್ಟಿಯಾಗಿ. "ಅನಸೂಯನ್ನ ಮನೆಗೆ ಕರ್ಕೊಂಡು ಬಾ ಅಂದ್ರು. ನಿಮ್ಮ ದೊಡ್ಡಪ್ಪ ಅಲ್ಲೇ ಇದ್ರು, ಕೇಳು."

ಆವಲಪ್ಪ ಬಾಯಿ ತೆರೆದರು. ತಮ್ಮನ ಹೆಂಡತಿಯ ಮುಖ ನೋಡಿದರು. ಹೆಗಲ ಮೇಲಿನ ಟವೆಲ್ಲು ತೆಗೆದು ಕಣ್ಣೊರೆಸಿಕೊಂಡರು.

"ಹೂಂ ಕಣಮ್ಮ, ಅಂದ," ಎಂದು ಬಾಗಿಲು ಬಿಟ್ಟು ಪಕ್ಕಕ್ಕೆ ಸರಿದರು.

ಅನಸೂಯ ಒಳಗೆ ಓಡಿದಳು. ಸ್ವಲ್ಪ ಹೊತ್ತಿಗೆ ನಡುಮನೆಯಿಂದ ಅವಳ ಅಳು ಕೇಳಿಸಿತು. ಚಪ್ಪಲಿ ಒಂದು ಮೆಟ್ಟಿಲ ಮೇಲೆ, ಇನ್ನೊಂದು ಬೀದಿಯಲ್ಲಿ ಬಿದ್ದಿದ್ದವು. ಶ್ಯಾಮಲಮ್ಮ ಬಗ್ಗಿ ಎರಡನ್ನೂ ಎತ್ತಿಕೊಂಡಳು. ಸೆರಗಿನಲ್ಲಿ ಧೂಳು ಒರೆಸಿ, ಒಳಗೆ ಒಯ್ದು, ಮನೆಯವರು ಬಿಡುವ ಮೂಲೆಯಲ್ಲಿ ಜೋಡಿಸಿಟ್ಟಳು.