ತಪ್ಪು ತಲೆಯದಲ್ಲ, ಟೋಪಿಯದು

ನಿಲ್ಲಿ, ಇದನ್ನು ಪೂರ್ತಿ ಕೇಳಿಕೊಂಡೇ ಹೋಗಿ. ಅರ್ಧ ಕೇಳಿ ಅಯ್ಯೋ ಪಾಪ ಅನ್ನುವವರು ನನಗೆ ಬೇಡ.

ನಾನು ಒಂದು ನರ್ಸ್ ಟೋಪಿ. ಧಾರವಾಡದ ದರ್ಜಿಯೊಬ್ಬ ಒಂದೇ ಥಾನು ಬಟ್ಟೆಯಲ್ಲಿ ನಮ್ಮನ್ನು ಮೂವತ್ತು ಟೋಪಿಗಳನ್ನು ಕತ್ತರಿಸಿದ. ಯಾರ ತಲೆಯ ಅಳತೆಯನ್ನೂ ಕೇಳಲಿಲ್ಲ. ಗಂಜಿ ಹಾಕಿ ಇಸ್ತ್ರಿ ಮಾಡಿ ಕಳಿಸಿದ. ನಾನು ಬಂದದ್ದು ಲೂಸಿಯಾ ಸಿದ್ದಿಯ ಪಾಲಿಗೆ.

ಲೂಸಿಯಾ ಹಳಿಯಾಳದ ಕಾಡಂಚಿನವಳು. ಅವಳ ಹಿರಿಯರು ನೂರಾರು ವರ್ಷದ ಹಿಂದೆ ಆಫ್ರಿಕಾದಿಂದ ಬಂದವರು. ಅವಳ ಊರಿಂದ ಧಾರವಾಡಕ್ಕೆ ನರ್ಸಿಂಗ್ ಕಲಿಯಲು ಬಂದವಳು ಅವಳೇ ಮೊದಲು. ಒಬ್ಬ ರೋಗಿ ಕೇಳಿಯೇಬಿಟ್ಟ, "ಎಲ್ಲಿಂದ ಬಂದೀಯವಾ, ಆಫ್ರಿಕಾದಿಂದೇನು?"

"ಹಳಿಯಾಳದಿಂದ್ರೀ ಅಜ್ಜಾರ, ತಾಸಿನ ದಾರಿ. ತೋಳು ಚಾಚ್ರಿ."

ಅವಳ ಗುಂಗುರು ಕೂದಲ ಮೇಲೆ ನಾನು ನಿಲ್ಲುತ್ತಿರಲಿಲ್ಲ. ಆರು ಪಿನ್ ಚುಚ್ಚಿದರೂ ಜಾರುತ್ತಿದ್ದೆ. ಟೋಪಿ ಇಲ್ಲದೆ ವಾರ್ಡಿಲ್ಲ, ವಾರ್ಡಿಲ್ಲದೆ ಸರ್ಟಿಫಿಕೇಟಿಲ್ಲ. ಕೂದಲು ನೆಟ್ಟಗೆ ಮಾಡಿಸಿಕೋ, ಇಲ್ಲ ಬೋಳಿಸಿಕೋ ಎಂದರು ಮೇಟ್ರನ್ ವತ್ಸಲಾಬಾಯಿ. ನನಗೆ ಮೈಯೆಲ್ಲ ಉರಿಯಿತು. ಕೆಟ್ಟದಾಗಿ ಕತ್ತರಿಸಿದ್ದು ನನ್ನನ್ನು, ಬೈಸಿಕೊಂಡದ್ದು ಅವಳ ಕೂದಲು!

ಲೂಸಿಯಾ ಹಳೆ ಸೀರೆಯ ಪಟ್ಟಿಯೊಂದನ್ನು ನನ್ನೊಳಗೆ ಹೊಲಿದಳು. ಗಟ್ಟಿಯಾಗಿ ಕೂತೆ. ಹಾಸ್ಟೆಲಿನಲ್ಲಿ ಪಕ್ಕದ ಮಂಚದ ಮಂದಾಕಿನಿಯ ಟೋಪಿಯೂ ಜಾರುತ್ತಿತ್ತು, ಅವಳಿಗೂ ಹೊಲಿದುಕೊಟ್ಟಳು. ಸಿದ್ದಿ ಹೆಂಗಸರು ಹಳೆ ಬಟ್ಟೆಯ ತುಂಡು ಸೇರಿಸಿ ಹೊಲಿಯುವ ಹೊದಿಕೆ, ಕೌದಿಯ ಮೂಲೆಗೆ ಬಟ್ಟೆಯ ಪುಟ್ಟ ಹೂವು ಇರಲೇಬೇಕು, ಇಲ್ಲದಿದ್ದರೆ ಕೌದಿ ಬೆತ್ತಲೆ ಅನ್ನುತ್ತಾರೆ. ಕೈಗೆ ಅದೇ ರೂಢಿ. ನನ್ನ ಮೂಲೆಗೂ ಒಂದು ಹೂವು ಬಿತ್ತು. ಮಂದಾಕಿನಿಯ ಟೋಪಿಗೆ ಇಡಲಿಲ್ಲ, ಅದರೊಳಗಿನ ಪಟ್ಟಿ ಯಾರಿಗೂ ಕಾಣುತ್ತಿರಲಿಲ್ಲ.

ಆ ಹೂವು ಮೇಟ್ರನ್ ಕಣ್ಣಿಗೆ ಬಿತ್ತು. ಎಲ್ಲರನ್ನೂ ಸಾಲಾಗಿ ನಿಲ್ಲಿಸಿ, ಇದು ದವಾಖಾನೆ, ನಿನ್ನ ಅಡವಿಯಲ್ಲ ಎಂದು ಕತ್ತರಿ ತೆಗೆದರು.

ಲೂಸಿಯಾ ಹೇಳಿದಳು, "ಹೂವು ತಗೀರಿ ಬಾಯಾರ. ಪಟ್ಟಿ ಮಾತ್ರ ತಗ್ಯಾಕ ಬಿಡಂಗಿಲ್ಲ. ತಪ್ಪು ನನ್ನ ತಲಿದಲ್ಲ, ಟೊಪಿಗಿದು."

ಮತ್ತ್ಯಾರಿಗಾದರೂ ಇಂಥ ಪಟ್ಟಿ ಬೇಕಾಗಿದೆಯೇ ಎಂದು ಮೇಟ್ರನ್ ಸಾಲನ್ನು ಕೇಳಿದರು. ಇಪ್ಪತ್ತೊಂಬತ್ತು ಹುಡುಗಿಯರು ಸುಮ್ಮನಿದ್ದರು. ಮಂದಾಕಿನಿ ನೆಲ ನೋಡಿದಳು.

ಲೂಸಿಯಾ ಆರು ತಿಂಗಳು ವಾರ್ಡಿನಿಂದ ಹೊರಗೆ. ಅವಳು ಊರಿಗೆ ಓಡಲಿಲ್ಲ. ಪ್ರತಿ ಸೋಮವಾರ ನನ್ನನ್ನು ತೊಟ್ಟು ಪ್ರಿನ್ಸಿಪಾಲರ ಬಾಗಿಲಲ್ಲಿ, ಟೋಪಿಗೆ ಪಟ್ಟಿ ಹಾಕಿಸಿ ಎಂಬ ಅರ್ಜಿ ಹಿಡಿದು ನಿಂತಳು. ಮುಂದಿನ ಬ್ಯಾಚಿನ ಟೋಪಿಗಳು ಪಟ್ಟಿ ಸಮೇತವೇ ಬಂದವು. ಅವಳನ್ನು ವಾರ್ಡಿಗೆ ಮರಳಿ ಸೇರಿಸಿಕೊಂಡರು, ಯಾರೂ ಕ್ಷಮೆ ಕೇಳಲಿಲ್ಲ.

ಈಗ ಟೋಪಿಯ ನಿಯಮವೇ ಹೋಗಿದೆ. ಸಿಸ್ಟರ್ ಲೂಸಿಯಾಳ ಕಪಾಟಿನ ತಳದಲ್ಲಿ ಹಳದಿಯಾಗಿ ಮಲಗಿದ್ದೇನೆ. ಮಂದಾಕಿನಿ ಹಬ್ಬಕ್ಕೆ ಫೋನ್ ಮಾಡುತ್ತಾಳೆ, ಇವಳು ನಕ್ಕು ಮಾತಾಡುತ್ತಾಳೆ. ಇವಳ ಸಿಟ್ಟು ಇಳಿದಿರಬಹುದು. ನನ್ನದು ಇಳಿದಿಲ್ಲ.

ಅವತ್ತು ಆ ಸಾಲಿನಲ್ಲಿ ನಿಂತವರು ನೀವಾಗಿದ್ದು, ಅವಳು ಹೊಲಿದ ಪಟ್ಟಿ ನಿಮ್ಮ ಟೋಪಿಯೊಳಗಿದ್ದಿದ್ದರೆ, ನೀವು ಏನು ಮಾಡುತ್ತಿದ್ದಿರಿ?